ತೆರೆಯ ಮೇಲಿನ ತಾಯಿ

ಕಾತ್ಯಾಯಿನಿ ಫೋಟೊಗೆ ಕಟ್ಟುತ್ತಿದ್ದ ಕಪ್ಪು ರಿಬ್ಬನ್ನನ್ನು ಮಿನ್-ಜಿ ಕೈಹಾಕಿ ಬಿಚ್ಚಿಬಿಟ್ಟಳು.

“ಇದು ಬೇಡ ಕಣೇ, ಪೋಸ್ಟರ್‌ಗೆ ಅಂತ ತೆಗೆಸಿದ್ದು. ಅಮ್ಮ ಬರೀ ಅಮ್ಮನ ಥರ ಇರೋದು ಒಂದೂ ಇಲ್ವಾ?”

ಇಬ್ಬರೂ ಪಾರ್ಕ್‌ಮೋರ್‌ನ ಕೈಗಾರಿಕಾ ವಲಯದ ಒಂದೇ ಕಂಪನಿಯಲ್ಲಿ ಕೆಲಸ ಮಾಡುವವರು, ಇಬ್ಬರಿಗೂ ಪರದೇಶವಾದ ಗಾಲ್ವೇ ಊರಿನಲ್ಲಿ ಅಕ್ಕಪಕ್ಕದ ಮನೆಯವರು. ಸತ್ತವರು ಮಿನ್-ಜಿಯ ತಾಯಿ ಓಕ್-ಹಿ, ಕೊರಿಯಾದಲ್ಲಿ ಒಂದು ಕಾಲಕ್ಕೆ ಮನೆಮಾತಾಗಿದ್ದ ನಟಿ. ಕಾತ್ಯಾಯಿನಿಗೆ ಮಾತ್ರ ಅವರು, ಮಗಳು ಇಂಚರಾ ಹುಟ್ಟಿದಾಗ ಸಮುದ್ರದ ಪಾಚಿಯ ಸಾರು ಕುಡಿಸಿ ಬಾಣಂತನ ಮಾಡಿದ ಅಮ್ಮ.

ಕಾತ್ಯಾಯಿನಿ ಮೊಬೈಲು ತೆಗೆದಳು. ಬೆಳ್ಳುಳ್ಳಿ ಸುಲಿಯುತ್ತಾ ಬಾಯಿ ತುಂಬ ನಗುತ್ತಿದ್ದ ಓಕ್-ಹಿ. ಮಿನ್-ಜಿ ತಲೆಯಾಡಿಸಿದಳು. ಕಾತ್ಯಾಯಿನಿಯ ಗಂಡ ಚಿರಾಗ್ ಪ್ರಿಂಟ್ ಹಾಕಿಸಲು ಓಡಿದ.

* * *

ಆ ಬೆಳ್ಳುಳ್ಳಿಯ ದಿನವೇ ಓಕ್-ಹಿ ತಮ್ಮ ಅರೆಬರೆ ಇಂಗ್ಲಿಷಿನಲ್ಲಿ ಕತೆಯೆಲ್ಲ ಹೇಳಿದ್ದರು.

“ಇಪ್ಪತ್ತಕ್ಕೇ ಹೀರೋಯಿನ್ ಆದೆ. ಮದುವೆ ಆದ್ಮೇಲೆ ಯಾರೂ ಕರೀಲಿಲ್ಲ. ನಲವತ್ತಕ್ಕೆ ಮತ್ತೆ ಕರೆದ್ರು, ಹೀರೊ ತಾಯಿ ಪಾತ್ರಕ್ಕೆ. ಹೀರೊ ಯಾರು ಗೊತ್ತಾ? ಹಿಂದಿನ ಸಿನಿಮಾದಲ್ಲಿ ನನ್ನ ಎತ್ಕೊಂಡು ಹೊಳೆ ದಾಟಿದವನೇ!”

“ನಮ್ಮ ಕಡೇನೂ ಅಷ್ಟೇ ಅಮ್ಮಾ,” ಎಂದು ಕಾತ್ಯಾಯಿನಿ ಬಿದ್ದುಬಿದ್ದು ನಕ್ಕಿದ್ದಳು.

ಆಮೇಲೆ ಅತ್ತೆ, ಅಜ್ಜಿ, ಮಾಟಗಾತಿ. ಎಪ್ಪತ್ತರಲ್ಲಿ ಮೀನು ಮಾರುವ ಮುದುಕಿಯಾಗಿ ಮೊದಲ ಪ್ರಶಸ್ತಿ.

“ಮಿನ್-ಜಿ ಯಾವ ಸಿನಿಮಾ ನೋಡಿ ಅಳ್ತಿದ್ಲು?”

ಓಕ್-ಹಿಯ ಕೈ ನಿಂತಿತು. “ಒಂದನ್ನೂ ನೋಡಿಲ್ಲ. ಅಜ್ಜಿ ಮನೇಲಿ ಬೆಳೆದ ಮಗು ಅದು. ಅವಳ ಪಾಲಿನ ದಿನಗಳೆಲ್ಲ ಆ ಸಿನಿಮಾಗಳಲ್ಲೇ ಇವೆ. ಹೇಗೆ ನೋಡ್ತಾಳೆ, ಪಾಪ?”

* * *

ಮಣ್ಣು ಮಾಡಿ ಬಂದ ಮೇಲೆ ಮನೆಯಲ್ಲಿ ಚಹಾ, ಸ್ಯಾಂಡ್‌ವಿಚ್ಚು. ಎದುರುಮನೆಯ ಮುದುಕಿ ಬ್ರೀಡಾ ಕೇಳಿದಳು: “ಅಷ್ಟು ದೊಡ್ಡ ನಟಿ ಅಂತೀರಿ. ನಮಗೂ ಒಂದು ಸಿನಿಮಾ ತೋರಿಸಬಾರದೇ?”

ಎಲ್ಲರೂ ಮಿನ್-ಜಿಯ ಮುಖ ನೋಡಿದರು. “ಹಾಕಿ,” ಎಂದವಳೇ ಅವಳು ಅಡುಗೆಮನೆಗೆ ನಡೆದಳು.

ಚಿರಾಗ್ ಹುಡುಕಿ ಒಂದು ಹಳೆಯ ಸಿನಿಮಾ ಹಾಕಿದ. ಟೀವಿಯಲ್ಲಿ ನಲವತ್ತರ ಓಕ್-ಹಿ ಪುಟ್ಟ ಹುಡುಗಿಯೊಬ್ಬಳಿಗೆ ಜಡೆ ಹೆಣೆಯುತ್ತಿದ್ದರು. ಬಾಗಿಲಲ್ಲಿ ಯಾರೋ ನಕ್ಕ ಸದ್ದು. ಕಾತ್ಯಾಯಿನಿ ತಿರುಗಿದಳು. ಮಿನ್-ಜಿ ಚಹಾದ ಲೋಟ ಹಿಡಿದು ನಿಂತಿದ್ದಳು.

“ಜಡೆ ಸೊಟ್ಟ ಆಗಿದೆ ನೋಡು. ಅಮ್ಮಂಗೆ ಬರ್ತಿರ್ಲಿಲ್ಲ. ನಂಗೆ ಅಜ್ಜೀನೇ ಹಾಕ್ತಿದ್ದಿದ್ದು.”

ಹುಡುಗಿ ಚೀಲ ಹೊತ್ತು ಓಡಿದಳು. ಓಕ್-ಹಿ ಗೇಟಿನವರೆಗೆ ಬಂದು ಗಂಟಲೆತ್ತಿ ಕೂಗಿದರು: “ಮಿನ್-ಜಿಯಾ!”

ಚಿರಾಗ್ ಬೆರಗಾಗಿ ಕೇಳಿದ: “ಆ ಮಗು ಹೆಸರೂ ಮಿನ್-ಜಿನಾ?”

“ನಂಗೊತ್ತಿರ್ಲಿಲ್ಲ,” ಎಂದಳು ಮಿನ್-ಜಿ.

ಕಾತ್ಯಾಯಿನಿ ಲೋಟ ಇಸಿದುಕೊಂಡು ಪಕ್ಕಕ್ಕೆ ಸರಿದು ಜಾಗ ಮಾಡಿದಳು. ಮಿನ್-ಜಿ ಕೋಟು ಕೂಡ ಬಿಚ್ಚದೆ ಕಾರ್ಪೆಟ್ಟಿನ ಮೇಲೆ ಕುಳಿತಳು. ತೆರೆಯ ಮೇಲೆ ತಾಯಿ ಇನ್ನೂ ಗೇಟಿಗೆ ಆತು ನಿಂತು ಕೈಬೀಸುತ್ತಲೇ ಇದ್ದರು. ಮಿನ್-ಜಿಯ ಕೈ ಮಡಿಲಿನಿಂದ ಒಂದಿಷ್ಟೇ ಮೇಲೆದ್ದಿತು.