ಪೊರೆಯ ಬಾಯಿ

ಮೊಣಕೈವರೆಗೂ ಕೈ ತೂರಿಸಿ ಕುಳ್ಳಿ ಉಳಿಯನ್ನು ಬಲವಾಗಿ ತಿರುವಿದಳು. ಕೊಳವೆಯೊಳಗಿಂದ ಏನೋ ಲೊಳಕ್ಕೆಂದು ಜಾರಿ ಅಂಗೈಗೆ ಬಿತ್ತು. ಗೋಂದಿನಂಥ ಹಳದಿ ಅಂಟು. ಅದರಲ್ಲಿ ಯಾರ ತಲೆಯದ್ದೂ ಅಲ್ಲದ ಕೂದಲು, ಯಾರ ಬೆರಳಿನದ್ದೂ ಅಲ್ಲದ ಉಗುರು. ಒಡೆದ ಹಾಲಿನ ನಾತ ಮೂಗಿಗಿಂತ ಮೊದಲು ನಾಲಿಗೆಗೆ ತಾಗಿತು. ಅವಳು ಉಸಿರು ಕಟ್ಟಿ ಅದನ್ನು ಬಕೆಟ್ಟಿಗೆ ಕೊಡವಿದಳು.

ಎರಡು ಗೋಡೆಗಳ ನಡುವಿನ ಆ ಸಂದಿಗೆ ಬೇರೆ ಯಾರೂ ಹಿಡಿಸುತ್ತಿರಲಿಲ್ಲ. ಕುಳ್ಳಗಿದ್ದಾಳೆಂದು ಮನೆಯವರು ಹೆಸರಿಟ್ಟರು, ಕುಳ್ಳಗಿದ್ದಾಳೆಂದೇ ಭಾವ ಕೆಲಸವನ್ನೂ ಕೊಟ್ಟ. ಊರಿನ ಅರ್ಧ ಮನೆಗಳಿಗೆ ಪೊರೆ ಹಾಕಿಸಿದ ಕಂಟ್ರಾಕ್ಟರು ಅವನು. ಈಗ ಸಂದಿಯ ತುದಿಯಲ್ಲಿ ಕರವಸ್ತ್ರದಿಂದ ಮೂಗು ಮುಚ್ಚಿಕೊಂಡು, ಆ ಕರವಸ್ತ್ರದ ಕೆಳಗಿಂದಲೇ ಬೇಯಿಸಿದ ಮೊಟ್ಟೆ ತಿನ್ನುತ್ತ ನಿಂತಿದ್ದ.

ಊರಿಗೆ ಆಗಾಗ ಅದುರು ಬರುತ್ತದೆ, ಬಂತೆಂದರೆ ಕಾಲವೇ ಮುಗ್ಗರಿಸುತ್ತದೆ. ಲೋಟದ ಹಾಲು ಕಣ್ಣೆದುರೇ ಒಡೆಯುತ್ತದೆ, ಮಾಸಿದ ಗಾಯ ಮತ್ತೆ ಬಿರಿಯುತ್ತದೆ, ನಡುವಯಸ್ಸಿನವರು ಕೂತಲ್ಲೇ ಹಲ್ಲು ಉದುರಿಸಿಕೊಳ್ಳುತ್ತಾರೆ. ಗೋಡೆಯೊಳಗೆ ಪೊರೆ ಹಾಕಿಸಿಕೊಂಡವರಿಗೆ ಮಾತ್ರ ಏನೂ ತಾಗದು. ಪೊರೆ ತಡೆದದ್ದೆಲ್ಲ ಒಂದು ಕೊಳವೆಯಿಂದ ಆಚೆ ಹೋಗುತ್ತದೆ. ಆ ಕೊಳವೆಗೆ ಕೆಲಸದವರು ಬಾಯಿ ಎನ್ನುತ್ತಿದ್ದರು.

ಇವತ್ತು ಕಟ್ಟಿಕೊಂಡಿದ್ದು ಭಾವನ ಸ್ವಂತ ಮನೆಯ ಬಾಯಿ. ಅಕ್ಕ ಬೆಳಗ್ಗೆಯೇ ಗಲಾಟೆ ಮಾಡಿದ್ದಳಂತೆ, ಹೂದಾನಿಯ ಹೂವು ಬಾಡಿತೆಂದು. ಆ ಹೂವು ಹೂದಾನಿಗೆ ಬಂದು ಆಗಲೇ ಒಂದು ವರ್ಷವಾಗಿತ್ತು.

ಕುಳ್ಳಿಗೆ ಬೇಕಾಗಿದ್ದದ್ದು ಒಂದೇ, ಅಮ್ಮನಿಗೊಂದು ಪೊರೆ. ಪ್ರತಿ ಅದುರಿಗೂ ಅಮ್ಮ ಒಂದಿಷ್ಟು ಸವೆಯುತ್ತಿದ್ದಳು. ಇನ್ನೊಂದು ಬಂದರೆ ತಡೆಯಲಾರಳೆಂದು ಡಾಕ್ಟರು ಮುಖ ನೋಡದೆ ಹೇಳಿದ್ದರು. ಅಕ್ಕನ ಮನೆಯಲ್ಲಿ ಜಾಗವೇನೋ ಇತ್ತು, ಅಮ್ಮನಿಗೆ ಇರಲಿಲ್ಲ. ಮಗುವಿರುವ ಮನೆ, ರಾತ್ರಿಯೆಲ್ಲ ಕೆಮ್ಮುವವರನ್ನು ಹೇಗೆ ಇಟ್ಟುಕೊಳ್ಳುವುದು ಎಂದಿದ್ದ ಭಾವ. ಹಾಗಾಗಿ ಕುಳ್ಳಿ ತುಟಿ ಹೊಲಿದುಕೊಂಡು ಅವನ ಕೊಳವೆಗಳನ್ನು ಕೆರೆಯುತ್ತಿದ್ದಳು, ಒಂದಲ್ಲ ಒಂದು ದಿನ ಅವನ ಮನಸ್ಸು ಕರಗೀತೆಂದು.

ಉಳಿದ ಅಂಟು ಈ ಕಡೆಯಿಂದ ಬರುವ ಹಾಗಿರಲಿಲ್ಲ. ಬಾಯಿ ತೆರೆದುಕೊಳ್ಳುವುದು ಹಿಂದಿನ ಗೋಡೆಯಾಚೆಯ ಖಾಲಿ ಕೋಣೆಗೆ, ಅಲ್ಲಿಂದಲೇ ತೆಗೆಯಬೇಕು. ಅವಳು ಬಕೆಟ್ಟು ಹಿಡಿದು ಬಳಸಿಕೊಂಡು ಹೋಗಿ ಬಾಗಿಲು ತಳ್ಳಿದಳು.

ಖಾಲಿ ಕೋಣೆಯಲ್ಲಿ ಹೆಂಗಸೊಬ್ಬಳು ನೆಲ ತಿಕ್ಕುತ್ತಿದ್ದಳು.

ಉಗುರುಗಳು ಸುರುಳಿಸುತ್ತಿ ಅಂಗೈಗೇ ಚುಚ್ಚಿಕೊಂಡಿದ್ದವು. ತಲೆಯ ಒಂದು ಪಕ್ಕ ನೆರೆತು, ಇನ್ನೊಂದು ಪಕ್ಕ ಕಪ್ಪಗೇ ಉಳಿದಿತ್ತು. ಮೇಜಿನ ಮೇಲಿನ ಬ್ರೆಡ್ಡಿಗೆ ಹಸಿರು ತುಪ್ಪಳ. ಗೋಡೆಯ ಮೂಲೆಯಲ್ಲಿ ಕೊಳವೆಯ ತುದಿ, ಅದರ ಕೆಳಗೆ ಹಾಸಿಗೆ. ಕುಳ್ಳಿಗೆ ಮೊದಲು ಬಂದದ್ದು ಕನಿಕರವಲ್ಲ, ವಾಕರಿಕೆ. ಅವಳು ಬಾಗಿಲಿನ ಚೌಕಟ್ಟು ಹಿಡಿದುಕೊಂಡಳು.

ಹೆಂಗಸು ಎದ್ದು ಸೆರಗಿಗೆ ಕೈ ಒರೆಸಿಕೊಂಡಳು. ಲಾಂಡ್ರಿಯಲ್ಲಿ ಇಸ್ತ್ರಿ ಮಾಡುತ್ತಿದ್ದಳಂತೆ. ಕೈ ನಾರುತ್ತದೆಂದು ಮಾಲೀಕ ಬರಬೇಡ ಅಂದನಂತೆ.

"ಎಷ್ಟು ತಿಕ್ಕಿದ್ರೂ ನಾತ ಹೋಗಲ್ಲ ಕಣಮ್ಮ," ಎಂದಳು. "ನಾನೇ ಗಲೀಜು ಅನ್ಸುತ್ತೆ. ಬೇಜಾರು ಮಾಡ್ಕೋಬೇಡ, ಕೂತ್ಕೋ."

ಬಾಯಿಯನ್ನು ಖಾಲಿ ಜಾಗಕ್ಕೇ ತಿರುಗಿಸಬೇಕೆಂಬುದು ಕಸುಬಿನ ರೂಢಿ. ಖಾಲಿಯೋ ಅಲ್ಲವೋ ತಿಳಿಯಲು ಗೋಡೆ ಗುದ್ದಿ, ಯಾರಿದ್ದೀರಿ ಎಂದು ಕೂಗುತ್ತಾರೆ. ಯಾರೂ ಓಗೊಡದಿದ್ದರೆ ಖಾಲಿ. ಭಾವನ ಆಳುಗಳು ತಿಂಡಿ ಮುಗಿಸಿ, ಬೀಡಿ ಎಳೆದು ಬರುವ ಹೊತ್ತಿಗೆ ಇಂಥ ಕೋಣೆಗಳಲ್ಲಿರುವವರೆಲ್ಲ ಕೆಲಸಕ್ಕೆ ಹೊರಟಿರುತ್ತಿದ್ದರು. ಹೀಗೆ ಅವರ ಲೆಕ್ಕದಲ್ಲಿ ಊರಿನ ಹಿಂಬದಿಯೆಲ್ಲ ಖಾಲಿಯಾಗಿಬಿಟ್ಟಿತ್ತು. ಈ ಗೋಡೆಯನ್ನು ಗುದ್ದಿದ್ದವಳು ಕುಳ್ಳಿಯೇ. ಉತ್ತರ ಬಾರದ್ದಕ್ಕೆ ಆವತ್ತು ಖುಷಿಪಟ್ಟದ್ದೂ ನೆನಪಿತ್ತು, ಕೆಲಸ ಬೇಗ ಮುಗಿಯಿತೆಂದು.

ಕೊಳವೆಯನ್ನು ಮುಟ್ಟದೆ ಅವಳು ಮೇಲೆ ಅಕ್ಕನ ಮನೆಗೆ ಹತ್ತಿದಳು. ಅಕ್ಕ ಮಗುವನ್ನು ಎತ್ತಿಕೊಂಡು ಬಾಗಿಲು ತೆಗೆದಳು. ಗುಲಾಬಿ ಬಣ್ಣದ, ಪೌಡರಿನ ಘಮದ ಮಗು. ಎಂದೂ ಮುದ್ದು ಮಾಡದೆ ಬಿಡದ ಆ ಕೆನ್ನೆಯನ್ನು ಕಂಡು ಕುಳ್ಳಿಗೆ ಆ ಕೋಣೆಯಲ್ಲಿ ಆದದ್ದಕ್ಕಿಂತ ಹೆಚ್ಚು ಹೇಸಿಗೆಯಾಯಿತು. ಪಾಪ, ಮಗುವಿನ ತಪ್ಪೇನು ಎಂದುಕೊಂಡಳು. ಆದರೂ ಮುಖ ಆಚೆ ತಿರುಗಿತು.

ಅಷ್ಟರಲ್ಲಿ ಒಳಗೆ ಬಂದಿದ್ದ ಭಾವನಿಗೆ ಕಂಡದ್ದನ್ನೆಲ್ಲ ಹೇಳಿದಳು. ಬಾಯಿಯನ್ನು ತಾರಸಿಗೆ ತಿರುಗಿಸೋಣ, ಅರ್ಧ ದಿನದ ಕೆಲಸ, ತಾನೇ ಮಾಡುತ್ತೇನೆ ಎಂದಳು. ತಾರಸಿಯಲ್ಲಿ ತನ್ನ ಹೂಕುಂಡಗಳಿವೆ ಎಂದ ಭಾವ. ಸಂಜೆ ನಾಲ್ಕು ಜನ ಬಂದು ಕೂರುವ ಜಾಗ, ಅಲ್ಲಿ ನಾತ ಹೊಡೆದರೆ ಮರ್ಯಾದೆ ಏನಾಗಬೇಕು? ಅಕ್ಕ ಮಗುವಿನ ಬೆನ್ನು ತಟ್ಟುತ್ತ ಕಿಟಕಿಯತ್ತ ನೋಡಿದಳು. ಅವಳಿಗೆ ಮೊದಲೇ ಗೊತ್ತಿತ್ತೆಂದು ಅವಳು ಬೆನ್ನು ತಿರುಗಿಸಿದ ರೀತಿಯಿಂದಲೇ ಕುಳ್ಳಿಗೆ ತಿಳಿಯಿತು.

ಭಾವ ದನಿ ಇಳಿಸಿ, ಹತ್ತಿರ ಬಂದು ಅವಳ ಹೆಗಲ ಮೇಲೆ ಕೈಯಿಟ್ಟ. "ನೋಡು ಕುಳ್ಳಿ, ಮೂರನೇ ಮಹಡಿ ಮನೆ ಖಾಲಿ ಇದೆ. ಪೊರೆ ಹಾಕಿಸಿದ್ದಾಗಿದೆ. ನಾಳೇನೇ ಅತ್ತೇನ ಕರ್ಕೊಂಡು ಬಾ. ಈಗ ಹೋಗಿ ಆ ಬಾಯಿ ಬಿಡಿಸಿ ಬಾ, ಅಷ್ಟೇ."

"ಅದರ ಬಾಯಿ ಎಲ್ಲಿಗೆ?"

"ಅಲ್ಲಿಗೇ. ಇನ್ನೆಲ್ಲಿಗೆ? ಆ ಹೆಂಗಸು ಹೇಗಿದ್ರೂ ಇನ್ನೆಷ್ಟು ದಿನ ಇರ್ತಾಳೆ ಹೇಳು."

ಅಮ್ಮನ ನಡುಗುವ ಕೈ ಕುಳ್ಳಿಯ ಕಣ್ಣೆದುರು ಬಂತು. ತಟ್ಟೆಯಿಂದ ಬಾಯಿಗೆ ಹೋಗುವಷ್ಟರಲ್ಲಿ ಅರ್ಧ ತುತ್ತು ಚೆಲ್ಲುವ ಕೈ. ಅದು ಎಷ್ಟು ಹೊತ್ತಾದರೂ ಹೋಗಲಿಲ್ಲ. ಭಾವ ಜೇಬಿನಿಂದ ಕೀಲಿಕೈ ತೆಗೆದು ಮೇಜಿನ ಮೇಲೆ ಇವಳ ಕಡೆಗೆ ಸರಿಸಿದ.

"ತಗೋ ಕಣೇ," ಎಂದಳು ಅಕ್ಕ, ತಿರುಗದೆಯೇ. "ಅಮ್ಮನಿಗೋಸ್ಕರ."

"ಬೇಡ," ಎಂದಳು ಕುಳ್ಳಿ. "ಅಮ್ಮನಿಗೂ ಬೇಡ."