ತೋರುನ್‌ಗೆ ದಾರಿ ತಪ್ಪಿದ ಮಧ್ಯಾಹ್ನ

ತೋರುನ್ ವಾಲ್‌ಗ್ರೆನ್ ಇಪ್ಪತ್ತೆಂಟು ವರ್ಷಗಳಿಂದ ಸ್ಟಾಕ್‌ಹೋಮಿನ ಹಳೇ ಪೇಟೆಯನ್ನು ಜನರಿಗೆ ತೋರಿಸುತ್ತ ಬಂದವಳು. ಬಸ್ಸಿನಿಂದ ಇಳಿಯುವ ಐವತ್ತು ಮಂದಿಯ ಹಿಂಡು ಅವಳಿಗೆ ಆಗದು. ಒಬ್ಬರೋ ಇಬ್ಬರೋ, ಹೆಚ್ಚೆಂದರೆ ಒಂದು ಸಂಸಾರ. ಕಾಲ್ನಡಿಗೆಯಲ್ಲಿ ಎರಡೂವರೆ ಗಂಟೆ. ಅರಮನೆಯ ಇಳಿಜಾರಿನಲ್ಲಿ ಶುರುವಾದರೆ ದಕ್ಷಿಣ ತುದಿಯ ಕಬ್ಬಿಣದ ಚೌಕ ಎಂಬಲ್ಲಿ ಮುಗಿಯುತ್ತಿತ್ತು. ನಡುವಿನ ಗಲ್ಲಿಗಳೆಲ್ಲ ಅವಳಿಗೆ ಎಷ್ಟು ಪಾಠವಾಗಿದ್ದವೆಂದರೆ, ಮಾತು ಬಾಯಿಯ ಪಾಡಿಗೆ ಬರುತ್ತಿತ್ತು, ದಾರಿ ಕಾಲಿನ ಪಾಡಿಗೆ ಸಾಗುತ್ತಿತ್ತು.

ಆ ಫೆಬ್ರುವರಿಯ ಮಂಗಳವಾರ ಅವಳ ಜೊತೆಗಿದ್ದವರು ದೂರದ ಬಡಗಣ ಊರು ಕಿರುನಾದಿಂದ ಬಂದ ಗಂಡ ಹೆಂಡತಿ. ಗಂಡ ಎವರ್ಟ್ ನಿಲಿಮಾ ನಲವತ್ತು ವರ್ಷ ಅದಿರಿನ ಗಣಿಯಲ್ಲಿ ದುಡಿದು ನಿವೃತ್ತನಾದವನು. ಹೆಂಡತಿ ಆಯ್ನಿ ಶಾಲೆಯ ಅಡುಗೆಮನೆ ನೋಡಿಕೊಳ್ಳುತ್ತಿದ್ದಳು. ಮದುವೆಯಾಗಿ ಐವತ್ತು ವರ್ಷವಾಯಿತೆಂದು ಮಕ್ಕಳು ಈ ನಡಿಗೆಯನ್ನು ಉಡುಗೊರೆಯಾಗಿ ಕೊಟ್ಟಿದ್ದರು. ಎವರ್ಟ್ ಬಡಗಣದವರ ಪದ್ಧತಿಯಂತೆ ಬಾಯಿಬಿಟ್ಟು "ಹೌದು" ಅನ್ನುತ್ತಿರಲಿಲ್ಲ. ತುಟಿ ಚೂಪು ಮಾಡಿ ಸುಯ್ ಎಂದು ಉಸಿರು ಒಳಗೆಳೆದುಕೊಂಡರೆ ಅದೇ ಹೌದು.

"ಇವರು ಹೀಗೇ," ಎಂದಳು ಆಯ್ನಿ. "ಮದುವೆ ದಿನ ಪಾದ್ರಿ ಕೇಳಿದಾಗಲೂ ಹೀಗೇ ಉಸಿರೆಳೆದ್ರು. ಪಾದ್ರಿ ತೆಂಕಣದವನು, ಮೂರು ಸಲ ಕೇಳಿದ ಪಾಪ."

ತೋರುನ್ ನಕ್ಕಳು. ಬೆಳಗಿನಿಂದ ಅವಳಿಗೆ ಸಣ್ಣಗೆ ತಲೆನೋವಿತ್ತು. ನಿದ್ದೆ ಸಾಲದೆಂದುಕೊಂಡಿದ್ದಳು.

ದೊಡ್ಡ ಚೌಕ ದಾಟಿ, ಇಳಿಜಾರಿನಲ್ಲಿ ಜಾರದಂತೆ ಹೆಜ್ಜೆಯಿಟ್ಟು, ಪ್ರೆಸ್ಟ್‌ಗಾಟನ್ ಎಂಬ ಕಿರುಬೀದಿಯ ಮೂಲೆಗೆ ಬಂದರು. ಅಲ್ಲಿ ಮನೆಯ ಗೋಡೆಗೇ ಸೇರಿಸಿ ಕಟ್ಟಿದ ಹಳೆಯ ಬರಹದ ಕಲ್ಲೊಂದಿದೆ. ತೋರುನ್ ಆ ಕಲ್ಲಿನ ಕತೆ ಹೇಳಿದಳು. ಹೇಳಿ ಮುಗಿಸಿ, "ಬನ್ನಿ, ಈಗ ಜರ್ಮನ್ ಚರ್ಚಿಗೆ ಹೋಗೋಣ" ಎಂದು ತಿರುಗಿದಳು.

ತಿರುಗಿದವಳು ಅಲ್ಲೇ ನಿಂತಳು.

ಮುಂದೆ ಒಂದು ಬೀದಿಯಿತ್ತು. ಹಳದಿ ಗೋಡೆ, ಕೆಂಪು ಗೋಡೆ, ಕಲ್ಲುಹಾಸು, ಅಂಚಿನಲ್ಲಿ ಕೊಳೆಯಾದ ಹಿಮ. ಯಾವ ಬೀದಿ ಎಂದು ಮಾತ್ರ ಅವಳಿಗೆ ತಿಳಿಯಲಿಲ್ಲ. ಗೋಡೆಯ ಮೇಲಿನ ಹೆಸರು ಓದಿದಳು. ಹೆಸರು ಗೊತ್ತಿತ್ತು, ಅದರ ಅರ್ಥ, ಇತಿಹಾಸ ಎಲ್ಲವೂ ಗೊತ್ತಿದ್ದವು. ಆದರೆ ಯಾವ ಕಡೆ ಹೋದರೆ ಏನು ಸಿಗುತ್ತದೆ ಎಂಬುದು ಯಾರೋ ಒದ್ದೆ ಬಟ್ಟೆಯಿಂದ ಒರೆಸಿದಂತೆ ಅಳಿಸಿಹೋಗಿತ್ತು. ಮೊದಲ ಸಲ ಬಂದ ಪರದೇಶಿಯಂತೆ ಆ ಗೋಡೆಗಳನ್ನು ನೋಡಿದಳು.

ಎದೆ ಧಸಕ್ಕೆಂದಿತು.

ಅವಳ ತಾಯಿಗೆ ಅರವತ್ತಮೂರು ವರ್ಷವಾಗಿದ್ದಾಗ, ಬ್ರೆಡ್ ತರಲೆಂದು ಹೋದವಳು ಮೆಟ್ರೊ ರೈಲಿನ ಕಟ್ಟಕಡೆಯ ನಿಲ್ದಾಣದಲ್ಲಿ ಸಿಕ್ಕಿದ್ದಳು. ಅಲ್ಲಿಂದಾಚೆ ಆರು ವರ್ಷ ಮಗಳನ್ನೇ "ನೀವು ಯಾರು?" ಎಂದು ಕೇಳುತ್ತ ಬದುಕಿದಳು. ತೋರುನ್‌ಗೆ ಈಗ ಅರವತ್ತೊಂದು. ಹೋದ ನವೆಂಬರಿನಲ್ಲಿ ಒಂದು ಸಂಜೆ ತನ್ನ ಕಟ್ಟಡದ ಮೆಟ್ಟಿಲಲ್ಲೇ ನಿಂತು, ತನ್ನ ಮನೆ ಯಾವ ಮಹಡಿಯಲ್ಲಿದೆಯೆಂದು ಹತ್ತು ನಿಮಿಷ ಹುಡುಕಾಡಿದ್ದಳು. ಆಮೇಲೆ ಸರಿಹೋಯಿತು. ಅದನ್ನು ಯಾರಿಗೂ ಹೇಳಿರಲಿಲ್ಲ, ಮಗಳು ಸಿಗ್ನೆಗೂ ಸಹ. ಹೇಳಿದರೆ ನಿಜವಾಗಿಬಿಡುತ್ತದೆ ಎಂಬ ಭಯ.

"ಯಾವ ಕಡೆ?" ಎಂದ ಎವರ್ಟ್.

"ಈ ಕಡೆ," ಎಂದಳು ತೋರುನ್, ಬಲಕ್ಕೆ ಕೈ ತೋರಿಸಿ. ದನಿ ಎಂದಿನಂತೆಯೇ ಇತ್ತು. ಅದೇ ಅವಳಿಗೆ ಇನ್ನಷ್ಟು ಹೆದರಿಕೆ ತಂದಿತು.

ನಡೆದರು. ಬಾಯಿ ಸುಮ್ಮನಿರಬಾರದೆಂದು ಕಿಟಕಿಗಳ ಬಗ್ಗೆ, ಗೋಡೆಗೆ ಬಿಗಿದ ಕಬ್ಬಿಣದ ಕೊಂಡಿಗಳ ಬಗ್ಗೆ, ಹಿಂದಿನ ಬೆಂಕಿಗಳ ಬಗ್ಗೆ ಹೇಳುತ್ತಲೇ ಹೋದಳು. ಒಳಗೆ ಮಾತ್ರ ಬೇರೆಯದೇ ಲೆಕ್ಕಾಚಾರ: ಇಳಿಜಾರು ಸಿಕ್ಕರೆ ನೀರು ಸಿಗುತ್ತದೆ, ನೀರು ಸಿಕ್ಕರೆ ಸೇತುವೆ ಕಾಣುತ್ತದೆ. ಒಂದು ಗಲ್ಲಿಗೆ ತಿರುಗಿದಳು, ಇನ್ನೊಂದಕ್ಕೆ ತಿರುಗಿದಳು. ಎರಡು ಸಲ ಎಡಭುಜ ಗೋಡೆಗೆ ಬಡಿಯಿತು. ಗಲ್ಲಿ ಇಕ್ಕಟ್ಟು, ಅದಕ್ಕೇ ಎಂದುಕೊಂಡಳು. ಸಿಂಹದ ಮುಖವಿದ್ದ ಹಸಿರು ಬಾಗಿಲೊಂದು ಬಂತು, ಹೋಯಿತು. ಸ್ವಲ್ಪ ಹೊತ್ತಿನ ಮೇಲೆ ಮತ್ತೆ ಬಂತು, ಇನ್ನೂ ಒಮ್ಮೆ ಬಂತು.

"ಈ ಸಿಂಹಕ್ಕೆ ಅಣ್ಣತಮ್ಮಂದಿರು ತುಂಬಾ ಜನ ಇದಾರೆ ಅಂತ ಕಾಣುತ್ತೆ," ಎಂದ ಎವರ್ಟ್.

"ಸುಮ್ನಿರಿ," ಎಂದಳು ಆಯ್ನಿ ತಗ್ಗಿದ ದನಿಯಲ್ಲಿ.

ತೋರುನ್‌ಗೆ ಕೇಳಿಸಿತು. ಫೋನು ತೆಗೆದು ನಕ್ಷೆ ನೋಡಿದಳು. ಗೆರೆಗಳು, ಅಕ್ಷರಗಳು, ಒಂದು ನೀಲಿ ಚುಕ್ಕೆ. ಆ ಚುಕ್ಕೆ ತಾನೇ ಎಂದು ಗೊತ್ತು, ಆದರೆ ಗೆರೆಗಳಿಗೂ ಕಣ್ಣೆದುರಿನ ಗೋಡೆಗಳಿಗೂ ಸಂಬಂಧವೇ ಕೂಡಲಿಲ್ಲ.

ಅಷ್ಟರಲ್ಲಿ ಒಂದು ಗಲ್ಲಿಯ ಆಚೆ ತುದಿಯಲ್ಲಿ, ಛಾವಣಿಗಳ ಮೇಲೆ ಹಸಿರು ತಾಮ್ರದ ಗೋಪುರವೊಂದು ಕಂಡಿತು. ಮುಳುಗುವವಳಿಗೆ ಹಲಗೆ ಸಿಕ್ಕ ಹಾಗಾಯಿತು. ಜರ್ಮನ್ ಚರ್ಚು. ಅದೇ ಇರಬೇಕು. ಅದಾಗಿರಲೇಬೇಕು.

"ಅಗೋ," ಎಂದು ಹೆಚ್ಚುಕಡಿಮೆ ಓಡುತ್ತಲೇ ಹೋದಳು. ಎದೆಮಟ್ಟದಲ್ಲಿ ಏನೋ ಅಡ್ಡ ಬಂತು. ಹಗ್ಗ. ಯಾಕಿದೆ ಎಂದು ಯೋಚಿಸಲಿಲ್ಲ, ಬಗ್ಗಿ ದಾಟಿದಳು.

ಆ ಹಗ್ಗದ ಎಡತುದಿಯಲ್ಲಿ ಎಚ್ಚರಿಕೆಯ ಹಲಗೆಯಿತ್ತು. ನಾಲ್ಕು ಮಹಡಿ ಮೇಲೆ, ಛಾವಣಿಯಲ್ಲಿ ಇಬ್ಬರು ಸಲಿಕೆ ಹಿಡಿದು ಹಿಮ ಕೆಡವುತ್ತಿದ್ದರು. ಕೆಳಗೆ ಕಾವಲಿದ್ದವನು ಆ ಕ್ಷಣಕ್ಕೆ ಬೆನ್ನು ತಿರುಗಿಸಿ, ಸಾಮಾನಿನ ವ್ಯಾನೊಂದನ್ನು ತಡೆಯುತ್ತಿದ್ದ. ಎವರ್ಟ್ ಮಾರ್ಗದರ್ಶಿಯನ್ನು ನಂಬಿ ತಾನೂ ಬಗ್ಗಿದ. ಆಯ್ನಿ ಮಾತ್ರ ಮೇಲೆ ನೋಡಿದಳು.

"ಎವರ್ಟ್," ಎಂದಳು, ಕೂಗಲೂ ಇಲ್ಲ. ಅವನ ಕೋಟಿನ ಬೆನ್ನನ್ನು ಎರಡೂ ಕೈಯಲ್ಲಿ ಹಿಡಿದು ಇಡೀ ಮೈಭಾರ ಹಾಕಿ ಹಿಂದಕ್ಕೆಳೆದಳು.

ಬಾಗಿಲಿನಷ್ಟಗಲದ ಮಂಜುಗಡ್ಡೆ ಅವರಿಬ್ಬರ ಮತ್ತು ತೋರುನ್‌ಳ ನಡುವೆ ಬಿದ್ದು ಒಡೆಯಿತು. ಸದ್ದು ಗಲ್ಲಿಯ ಗೋಡೆಗಳ ನಡುವೆ ಸಿಡಿಲಿನಂತೆ ಉರುಳಿತು. ತೋರುನ್ ತಿರುಗಿ ನೋಡಿದಾಗ ಹಿಮದ ಪುಡಿ ಹೊಗೆಯಂತೆ ಎದ್ದಿತ್ತು. ಎವರ್ಟನ ತುಪ್ಪಳದ ಟೊಪ್ಪಿ ಕಲ್ಲುಹಾಸಿನ ಮೇಲೆ ಒಂಟಿಯಾಗಿ ಬಿದ್ದಿತ್ತು.

ಕೊಂದೆ, ಎಂದುಕೊಂಡಳು. ಆ ಮುದುಕನನ್ನು ನಾನು ಕೊಂದುಬಿಟ್ಟೆ. ಕಾಲು ಎತ್ತಿಡಲಾಗಲಿಲ್ಲ.

ಪುಡಿ ಇಳಿಯಿತು. ಎವರ್ಟ್ ಹಗ್ಗದಾಚೆ ನೆಲದ ಮೇಲೆ ಕೂತಿದ್ದ, ಹೆಂಡತಿ ಅವನ ಕೆಳಗೆ ಅರ್ಧ ಸಿಕ್ಕಿಕೊಂಡಿದ್ದಳು. ಅವನ ಹಣೆಯಿಂದ ತೆಳ್ಳಗೆ ರಕ್ತ ಇಳಿಯುತ್ತಿತ್ತು. ಏಳಲು ಹೋಗಿ, ಮತ್ತೆ ಕೂತು, ಹುಬ್ಬು ಒರೆಸಿಕೊಂಡ.

"ಏಳ್ರೀ ಮೇಲಿಂದ," ಎಂದಳು ಆಯ್ನಿ. "ಬದುಕಿದೀರಿ ತಾನೆ?"

ಎವರ್ಟ್ ಸುಯ್ ಎಂದು ಉಸಿರೆಳೆದುಕೊಂಡ.

ಕಾವಲಿನವನು ಸೀಟಿ ಊದುತ್ತ ಓಡಿಬಂದ. ಅವನ ಮುಖ ಸುಣ್ಣದಂತಾಗಿತ್ತು. "ಕಣ್ಣು ಕಾಣಲ್ವೇನ್ರೀ? ಇಷ್ಟು ದೊಡ್ಡ ಹಲಗೆ ಹಾಕಿದೀನಿ. ಎದೆ ಮೇಲೆ ಗೈಡ್ ಅಂತ ಬಿಲ್ಲೆ ಬೇರೆ ಚುಚ್ಚಿಕೊಂಡಿದೀರ."

"ಹಲಗೆ ಎಲ್ಲಿದೆ?" ಎಂದಳು ತೋರುನ್. ಅವಳು ನಿಜವಾಗಿಯೇ ಕೇಳಿದ್ದಳು. ಕಾವಲಿನವನು ತನ್ನನ್ನು ಗೇಲಿ ಮಾಡುತ್ತಿದ್ದಾಳೆಂದು ತಿಳಿದು ಇನ್ನಷ್ಟು ಬೈದ.

ಆಯ್ನಿ ಎದ್ದು ಸ್ಕರ್ಟು ಕೊಡವಿಕೊಂಡು ಹತ್ತಿರ ಬಂದಳು. ಅವಳು ಬೈಯಲಿಲ್ಲ. ತೋರುನ್‌ಳ ಮುಖವನ್ನೇ ನೋಡುತ್ತ ಕೇಳಿದಳು, "ಆ ಹಸಿರು ಬಾಗಿಲು ಮೂರು ಸಲ ದಾಟಿದ್ವಿ. ನಿಮಗೆ ದಾರಿ ಗೊತ್ತಾಗ್ತಿಲ್ಲ, ಅಲ್ವಾ?"

ಸುಳ್ಳು ನಾಲಿಗೆಯ ತುದಿಯಲ್ಲೇ ಇತ್ತು. ಹೇಳಲಾಗಲಿಲ್ಲ.

"ನಾವು ಎಲ್ಲಿದೀವಿ ಅಂತ ನನಗೆ ಗೊತ್ತಿಲ್ಲ," ಎಂದಳು ತೋರುನ್. "ಆ ಕಲ್ಲಿನ ಹತ್ರದಿಂದ ಏನೂ ಗೊತ್ತಾಗ್ತಿಲ್ಲ."

ಗಂಡ ಹೆಂಡತಿ ಅವಳ ಎರಡೂ ತೋಳು ಹಿಡಿದು ಪಕ್ಕದ ಬೀದಿಯ ಕಾಫಿ ಅಂಗಡಿಗೆ ಕರೆತಂದರು. ಅಂಗಡಿಯವಳು ಎವರ್ಟನ ಹಣೆಗೆ ಪಟ್ಟಿ ಅಂಟಿಸಿದಳು. ಆಯ್ನಿ ಮೂವರಿಗೂ ಕಾಫಿಯನ್ನೂ ಕೆನೆ ತುಂಬಿದ ಸೆಮ್ಲಾ ಬನ್ನುಗಳನ್ನೂ ತಂದಿಟ್ಟಳು. ತೋರುನ್ ತಾಯಿಯ ಕತೆ ಹೇಳಿದಳು, ನವೆಂಬರಿನ ಮೆಟ್ಟಿಲ ಕತೆಯನ್ನೂ ಹೇಳಿದಳು. ಇಬ್ಬರು ಅಪರಿಚಿತರ ಮುಂದೆ ಅದು ಹೇಗೆ ಹೊರಬಂತೋ ಅವಳಿಗೇ ತಿಳಿಯಲಿಲ್ಲ.

"ನಮ್ಮೂರಲ್ಲಿ ಗಣಿ ಊರ ಕೆಳಗಿನ ನೆಲಾನೇ ತಿಂದ್ಕೊಂಡು ಬಂತು ಅಂತ ಇಡೀ ಪೇಟೆಯನ್ನೇ ಎತ್ತಿ ಆಚೆ ಇಟ್ರು," ಎಂದ ಎವರ್ಟ್. "ನಾನು ಈಗಲೂ ಹಳೇ ಮನೆ ಕಡೆಗೇ ಕಾರು ತಿರುಗಿಸ್ತೀನಿ. ಹೋದ್ರೆ ಬೇಲಿ. ನನಗೂ ದಾರಿ ತಪ್ಪುತ್ತೆ."

"ಸಮಾಧಾನ ಮಾಡೋ ಚಂದ ನೋಡಿ," ಎಂದಳು ಆಯ್ನಿ. "ಅಲ್ಲಿ ಊರು ಜಾಗ ಬಿಟ್ಟಿತು. ಇವರದು ಹಾಗಲ್ಲ." ಆಮೇಲೆ ತೋರುನ್ ಕಡೆ ತಿರುಗಿ, "ಕಾಫಿ ಕುಡೀರಿ, ಆರಿಹೋಗುತ್ತೆ."

"ನನಗೆ ಕಾಫಿ ತಂದಿಲ್ವಲ್ಲ," ಎಂದಳು ತೋರುನ್.

ಕಾಫಿಯ ಬಟ್ಟಲು ಅವಳ ಎಡಗೈಯ ಪಕ್ಕದಲ್ಲೇ ಹಬೆಯಾಡುತ್ತಿತ್ತು. ಆಯ್ನಿ ಬಟ್ಟಲನ್ನು ನಿಧಾನವಾಗಿ ಬಲಕ್ಕೆ ಸರಿಸಿದಳು. ತೋರುನ್‌ಳ ಕಣ್ಣಿಗೆ ಅದು ಶೂನ್ಯದಿಂದ ಮೂಡಿಬಂದಂತೆ ಕಂಡಿತು. ಅವಳು ಅದನ್ನೇ ನೋಡುತ್ತ ಕೂತಳು. ತಟ್ಟೆ ನೋಡಿದಳು, ಬನ್ನಿನ ಬಲ ಅರ್ಧ ಮಾತ್ರ ತಿಂದಿದ್ದಳು. ಆಗ ಅವಳಿಗೆ ಬಂದ ಹೆದರಿಕೆ ಗಲ್ಲಿಯಲ್ಲಿ ಬಂದಂಥದ್ದಲ್ಲ. ಅದಕ್ಕೆ ಓಡುವ ದಿಕ್ಕೇ ಇರಲಿಲ್ಲ. ಲೋಕದ ಅರ್ಧ ಯಾವಾಗಲೋ ಸದ್ದಿಲ್ಲದೆ ಹೋಗಿತ್ತು, ಹೋಗಿದೆ ಎಂಬುದೂ ಅವಳಿಗೆ ತಿಳಿದಿರಲಿಲ್ಲ.

"ನಾಳೆ ಡಾಕ್ಟರ ಹತ್ರ ಹೋಗ್ತೀನಿ," ಎಂದಳು ತೋರುನ್.

"ನಾಳೆ ಪಾಳೆ ಏನಿಲ್ಲ," ಎಂದ ಎವರ್ಟ್. ಅಷ್ಟು ಹೊತ್ತಿನಲ್ಲಿ ಅವನು ಗಟ್ಟಿಯಾಗಿ ಮಾತಾಡಿದ್ದು ಅದೊಂದೇ ಸಲ. ಫೋನು ತೆಗೆದು ಆಂಬುಲೆನ್ಸಿಗೆ ಕರೆ ಮಾಡಿದ.

ಅದು ಬರುವವರೆಗಿನ ಹದಿನಾಲ್ಕು ನಿಮಿಷ ಆಯ್ನಿ ಅವಳ ಕೈ ಬಿಡಲಿಲ್ಲ. "ಹೆದರ್ಬೇಡಿ" ಎಂದೂ ಹೇಳಲಿಲ್ಲ. ಸಿಗ್ನೆಯ ನಂಬರು ಕೇಳಿ ತಾನೇ ಮಾತಾಡಿದಳು: "ನಿಮ್ಮಮ್ಮನ ಜೊತೆ ಇದೀವಿ. ಎಚ್ಚರವಾಗಿದಾರೆ, ಮಾತಾಡ್ತಿದಾರೆ. ನೀವು ಈಗಲೇ ಹೊರಡಿ."

ಅದು ತಾಯಿಯ ರೋಗವಾಗಿರಲಿಲ್ಲ. ಮಿದುಳಿನ ಹಿಂಭಾಗದಲ್ಲಿ, ಬಲಕ್ಕೆ, ರಕ್ತ ಹೆಪ್ಪುಗಟ್ಟಿತ್ತು. ದಾರಿ ಗುರುತಿಸುವ ಜಾಗವೂ ಎಡಬದಿಯನ್ನು ನೋಡುವ ಜಾಗವೂ ಅಲ್ಲೇ ಇವೆ ಎಂದು ಆಸ್ಪತ್ರೆಯ ಡಾಕ್ಟರಮ್ಮ ಚಿತ್ರ ತೋರಿಸಿ ಹೇಳಿದಳು. ನವೆಂಬರಿನಲ್ಲಿ ಆದದ್ದು ಅದರ ಮುನ್ಸೂಚನೆಯಿರಬೇಕು.

"ಆಗಲೇ ಬಂದಿದ್ರೆ ಮಾತ್ರೆಯಲ್ಲೇ ತಡೀಬಹುದಿತ್ತೇನೋ," ಎಂದಳು. "ಯಾಕೆ ಬರಲಿಲ್ಲ?"

"ಅಮ್ಮನ ರೋಗ ಅಂತ ನೀವು ಹೇಳಿಬಿಡ್ತೀರ ಅಂತ," ಎಂದಳು ತೋರುನ್. ಹಾಸಿಗೆಯ ಪಕ್ಕ ನಿಂತಿದ್ದ ಸಿಗ್ನೆ ಕಿಟಕಿಯ ಕಡೆ ಮುಖ ತಿರುಗಿಸಿದಳು.

ಎಡದ ನೋಟ ಅರ್ಧಕ್ಕರ್ಧ ಮರಳಿತು, ಅಲ್ಲಿಗೇ ನಿಂತಿತು. ದಾರಿಗಳು ಒಂದೊಂದಾಗಿ ಬಂದವು, ಕೆಲವು ಬರಲಿಲ್ಲ. ಏಪ್ರಿಲಿನಲ್ಲಿ ತೋರುನ್ ಕೆಲಸ ಬಿಡುತ್ತೇನೆಂದು ಪತ್ರ ಬರೆದಳು. ಬರೆಯುವಾಗ ಅಳು ಬರುತ್ತದೆಂದುಕೊಂಡಿದ್ದಳು, ಬರಲಿಲ್ಲ. ಗಲ್ಲಿಯ ನಡುವೆ ಹೆಂಗಸೊಬ್ಬಳು ಗಂಡನನ್ನು ಹಿಂದಕ್ಕೆಳೆಯುವುದು ಮಾತ್ರ ಅವಳ ನಿದ್ದೆಯಲ್ಲಿ ಮತ್ತೆ ಮತ್ತೆ ಬರುತ್ತಿತ್ತು. ಕೆಲವು ರಾತ್ರಿ ಎಳೆಯುವುದು ತಡವಾಗುತ್ತಿತ್ತು.

ಮೇ ತಿಂಗಳಲ್ಲಿ ಮೊದಲ ಸಲ ಒಬ್ಬಳೇ ಫಾರ್ಸ್ತಾದಲ್ಲಿರುವ ಮಗಳ ಮನೆಗೆ ಹೊರಟಳು. ಸ್ಲುಸೆನ್ ನಿಲ್ದಾಣದಲ್ಲಿ ರೈಲು ಬದಲಿಸಿ ಕೂತಳು. ನಿಲ್ದಾಣಗಳ ಹೆಸರು ಕಿಟಕಿಯಾಚೆ ಒಂದರ ಹಿಂದೊಂದು ಸರಿದವು. ನಾಲ್ಕನೆಯದೋ ಐದನೆಯದೋ ಆದ ಮೇಲೆ ಲೆಕ್ಕ ತಪ್ಪಿತು. ಎದುರಿಗೆ ನಾಯಿಯನ್ನು ತೊಡೆಯ ಮೇಲೆ ಕೂರಿಸಿಕೊಂಡ ಹೆಂಗಸೊಬ್ಬಳಿದ್ದಳು.

ಜೀವಮಾನದಲ್ಲಿ ಯಾರನ್ನೂ ದಾರಿ ಕೇಳದ ತೋರುನ್ ಮುಂದಕ್ಕೆ ಬಗ್ಗಿದಳು. "ಫಾರ್ಸ್ತಾ ಬಂದಾಗ ಸ್ವಲ್ಪ ಹೇಳ್ತೀರಾ? ನನಗೆ ಗೊತ್ತಾಗಲ್ಲ."

"ನಾನೂ ಅಲ್ಲೇ ಇಳಿಯೋದು," ಎಂದಳು ಆ ಹೆಂಗಸು, ನಾಯಿಯನ್ನು ಇನ್ನೊಂದು ತೊಡೆಗೆ ಸರಿಸಿಕೊಳ್ಳುತ್ತ. "ಇನ್ನೂ ದೂರ ಇದೆ, ಆರಾಮಾಗಿ ಕೂತ್ಕೊಳ್ಳಿ."