ಲಾಭ ಅಂದರೆ ಒಂದು

"ಗಂಜಿ ಉಂಡ್ ಬರ್ಲಿಲ್ಯನೆ ರಂಡೆ? ಗಂಟ್ಲ್ ಬಿಚ್ಚಿ ಲೆಕ್ಕ ಹೇಳ್. ಇಂಜಿನಿಯರಿಗೆ ಕೇಣ್ಕ್," ಎಂದು ಕಂಟ್ರಾಕ್ಟರ್ ಗದರಿದ.

ಸುಗುಣ ಗಂಟಲು ಬಿಚ್ಚಿದಳು. "ಲಾಭ..."

ಭತ್ತ ಅಳೆಯುವಾಗ ಮೊದಲ ಸೇರಿಗೆ ಒಂದು ಎನ್ನುವುದಿಲ್ಲ, ಲಾಭ ಎನ್ನುತ್ತಾರೆ. ಆಮೇಲೆ ಎರಡು, ಮೂರು. ಗದ್ದೆ ಕೆಲಸದಲ್ಲೇ ಬೆಳೆದ ಸುಗುಣಳ ಬಾಯಿಗೆ ಬೇರೆ ಲೆಕ್ಕ ಬರುತ್ತಿರಲಿಲ್ಲ. ಶಾಲೆಯ ಹೊಸ ಕೋಣೆಗೆ ತಳಪಾಯ ಹಾಕಿದ ದಿನ, ಸಿಮೆಂಟಿನ ಮೊದಲ ಚೀಲ ಸುರಿಯುವಾಗ ಲಾಭ ಎಂದಳು. ಕಂಟ್ರಾಕ್ಟರ್ ರವಿಚಂದ್ರ ಹೊಟ್ಟೆ ಹಿಡಿದುಕೊಂಡು ನಕ್ಕ. ಮರುದಿನ ನಗಲಿಲ್ಲ.

"ಲಾಭ ನನ್ನದ್. ನೀ ಬಾಯಗ್ ಹೇಳ್ರೆ ಸಾಕ್, ಆ ಚೀಲ ಮುಟ್ಬೇಡ."

ಇವತ್ತು ತಾರಸಿಯ ಕಾಂಕ್ರೀಟು. ಇಂಜಿನಿಯರು ಹಲಸಿನ ಮರದ ನೆರಳಲ್ಲಿ ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು, ಒಂದು ಕೈಯಲ್ಲಿ ಮೊಬೈಲು ಒತ್ತುತ್ತ, ಕೂಗು ಕೇಳಿದಂತೆ ಕಾಗದದ ಮೇಲೆ ಗೀಟು ಎಳೆಯುತ್ತಿದ್ದ. ಎರಡು ಚೀಲ ಸಿಮೆಂಟಿಗೆ ನಾಲ್ಕು ಪೆಟ್ಟಿಗೆ ಮರಳು, ಎಂಟು ಪೆಟ್ಟಿಗೆ ಜಲ್ಲಿ. ಮರಳು, ಜಲ್ಲಿ ಕೂಗಿದಷ್ಟೂ ಬಿದ್ದವು. ಸಿಮೆಂಟಿಗೆ ಮಾತ್ರ ಲಾಭ, ಎರಡು ಎಂದು ಎರಡು ಕೂಗು, ಒಂದೇ ಚೀಲ. ಉಳಿದದ್ದು ಟೆಂಪೊ ಹತ್ತಿ ಮಾರಾಟಕ್ಕೆ ಕೋಟ ಪೇಟೆಯ ಕಡೆಗೆ ಹೋಯಿತು.

"ಒಡೇರೆ, ಅಂಟೇ ಇಲ್ಲೆ ಇದ್ರಗೆ," ಎಂದ ಮುದುಕ ಮೇಸ್ತ್ರಿ ಬಚ್ಚ.

"ನಿಮ್ಮ್ ಕೇರಿ ಮಣ್ಣ್ ಗ್ವಾಡಿಗ್ ಯಾವ ಸಿಮೆಂಟ್ ಹಾಕಿರ್ಯಾ? ನಿತ್ಕಂಡಿಲ್ಯಾ? ಮುಚ್ಕಂಡ್ ಕೆಲ್ಸ ಮಾಡ್."

ಬಚ್ಚ ಮುಚ್ಚಿಕೊಂಡು ಕೆಲಸ ಮಾಡಿದ.

ಸಂಜೆ ಸುಗುಣಳ ಮಗಳು ಪ್ರೇಕ್ಷಾ ಜಗಲಿಯಲ್ಲಿ ಹುಣಸೆ ಬೀಜ ಹರಡಿಕೊಂಡು ಕೂತಿದ್ದಳು. ಏಳನೇ ಕ್ಲಾಸು.

"ಅದೆಂತ ಮಗಾ?"

"ಅನುಪಾತ. ಒಂದ್ ಪಾವ್ ಅಕ್ಕಿಗೆ ಎರ್ಡ್ ಪಾವ್ ನೀರ್. ಎರ್ಡ್ ಪಾವಿಗೆ ನಾಲ್ಕ್. ಎರ್ಡೂ ಒಂದೇ ನಮನಿ ಹೆಚ್ಚಾಯ್ಕ್. ಆಗ ಅನ್ನ ಅದೇ."

"ನೀರ್ ಮಾತ್ರ ಹೆಚ್ಚ್ ಮಾಡ್ರೆ?"

"ಗಂಜಿ." ಮಗಳು ನಕ್ಕಳು.

ಸುಗುಣ ಬೀಜಗಳನ್ನು ಎಳೆದುಕೊಂಡು ಒಂದು, ಎರಡು, ನಾಲ್ಕು ಎಂದು ಒಂದು ಸಾಲು ಇಟ್ಟಳು. ಅದು ಬಚ್ಚ ಕಲಿಸಿದ್ದ ತಾರಸಿಯ ಲೆಕ್ಕ. ಅದರ ಕೆಳಗೆ ಇವತ್ತಿನದು: ಒಂದು, ನಾಲ್ಕು, ಎಂಟು.

"ಇವೆರ್ಡೂ ಸಮ ಅಲ್ದಾ?"

"ಹ್ಯಾಂಗ್ ಆತ್ತ್? ಎರ್ಡ್ ನಾಲ್ಕಾಯ್ತ್, ನಾಲ್ಕ್ ಎಂಟಾಯ್ತ್. ಒಂದ್ ಎರ್ಡಾಯ್ಕಲ್ದಾ? ಇಲ್ಲೊಂದ್ ಬೀಜ ಎಲ್ಲಿ ಹೋಯ್ತಮ್ಮ?"

"ಲಾಭ."

"ಲಾಭ ಅಂದ್ರೆ ಒಂದ್ ಅಲ್ದಾ?"

ಸುಗುಣ ಬೀಜಗಳನ್ನು ಒಟ್ಟಿಗೆ ಗುಡ್ಡೆ ಮಾಡಿದಳು. ಆಮೇಲೆ ಕೇಳಿದಳು, "ಹೊಸ ಕೋಣಿ ಯಾವ ಕ್ಲಾಸಿಗೆ?"

"ನಮ್ಗೇ. ನಾ ಕಿಟಕಿ ಬದಿ ಜಾಗ ಹೇಳಿಟ್ಟಿದೆ."

ಬೆಳಿಗ್ಗೆ ಸುಗುಣ ರವಿಚಂದ್ರನ ಅಂಗಳದ ಕೆಳಗೆ ಹೋಗಿ ನಿಂತಳು. ಅವನು ಹಲ್ಲುಜ್ಜುತ್ತಿದ್ದ.

"ಒಡೇರೆ, ತಾರ್ಸಿ ಗಂಜಿ ಆಯ್ತ್. ಒಡ್ದ್ ಬೇರೆ ಹಾಕ್ವ. ನಾನ್ ಪುಕ್ಕಟೆ ದುಡಿತೆ."

ಅವನು ಅವಳ ಕಾಲಬುಡಕ್ಕೆ ಉಗುಳಿದ. "ಲೆಕ್ಕ ಕೂಗ್ದ್ ಯಾರ್? ಬಾಯಿ ನಿನ್ನದ್. ಇಂಜಿನಿಯರ್ ಬರ್ದದ್ದ್ ನೀ ಹೇಳ್ದದ್ದನ್ನ. ನಾಳಿ ಎಂತಾರೂ ಆರೆ ಪೋಲೀಸ್ರ್ ಮೊದ್ಲ್ ಯಾರನ್ನ ಹಿಡೂದ್, ಹೇಳ್ ಕಾಂಬ?" ಬಾಯಿ ಮುಕ್ಕಳಿಸಿ ಮತ್ತೆ ಹೇಳಿದ, "ನಿನ್ ಮನಿಗ್ ಹೋಪು ದಾರಿ ನನ್ನ್ ಗದ್ದಿ ಅಂಚಲ್ದಾ?"

ಮೂರನೇ ದಿನ ಆ ಅಂಚಿಗೆ ಮುಳ್ಳು ಬಿತ್ತು. ತಾಯಿ ಮಗಳು ತೋಡಿನಲ್ಲಿ ಇಳಿದು, ಸೊಂಟದವರೆಗೆ ಒದ್ದೆಯಾಗಿ ಓಡಾಡಿದರು. ಪ್ರೇಕ್ಷಾ ಪುಸ್ತಕಗಳನ್ನು ತಲೆಯ ಮೇಲೆ ಹೊತ್ತು ಶಾಲೆಗೆ ಹೋದಳು.

ತಾರಸಿಯ ಆಸರೆ ಕಂಬ ತೆಗೆಯುವ ದಿನ ಬಂತು. ಅಂಗಳದಲ್ಲಿ ರವಿಚಂದ್ರ, ಪಕ್ಕದಲ್ಲಿ ಮೊಬೈಲು ಒತ್ತುತ್ತ ನಿಂತ ಇಂಜಿನಿಯರು. ಮಕ್ಕಳು ಬೆಂಚು ಹೊತ್ತು ತಂದು ಹೊಸ ಕೋಣೆಯ ಹೊರಗೆ ಸಾಲಾಗಿ ನಿಂತಿದ್ದರು. ಬಚ್ಚ ಒಳಗೆ ಹೋಗಿ ಕೋಲಿನಿಂದ ತಾರಸಿಯನ್ನು ಮೆಲ್ಲನೆ ತಟ್ಟಿದ. ಹೊರಗೆ ಬಂದಾಗ ಅವನ ಮುಂಡಾಸಿನ ಮೇಲೆ ಮರಳು ಉದುರಿತ್ತು. ಸುಗುಣಳ ಮುಖ ನೋಡಿದ.

"ಎಂತ ಕಾಂತ್ರಿ? ತೆಗಿನಿ," ಎಂದ ರವಿಚಂದ್ರ.

"ಬಚ್ಚಣ್ಣ, ಮಕ್ಳನ್ನ ಗದ್ದಿ ಆಚಿಗ್ ಕರ್ಕಂಡ್ ಹೋಯ್ನಿ," ಎಂದಳು ಸುಗುಣ.

ಬಚ್ಚ ಎರಡೂ ಕೈ ಚಾಚಿ, ಕೋಳಿ ಅಟ್ಟಿದಂತೆ ಮಕ್ಕಳನ್ನು ಅಟ್ಟಿಕೊಂಡು ಹೋದ. ಸುಗುಣ ಒಳಗೆ ಹೋಗಿ ನಡುಗಂಬದ ಬುಡಕ್ಕೆ ಹಗ್ಗ ಬಿಗಿದಳು. ಹಗ್ಗದ ತುದಿಯನ್ನು ಅಂಗಳಕ್ಕೆ ಎಳೆದು ತಂದಳು. ಆಮೇಲೆ ಹಲಸಿನ ಮರದಡಿಯ ಖಾಲಿ ಕುರ್ಚಿಯನ್ನು ಎತ್ತಿಕೊಂಡು ಹೋಗಿ ಕೋಣೆಯ ನಡುವೆ ಇಟ್ಟು ಬಂದಳು.

"ಬನ್ನಿ ಒಡೇರೆ. ಕೂಕಣಿ."

"ಹುಚ್ಚ್ ಹಿಡಿತನೆ ನಿಂಗೆ?"

"ಎರ್ಡ್ ಸಿಮೆಂಟ್, ನಾಲ್ಕ್ ಮರಳ್, ಎಂಟ್ ಜಲ್ಲಿ. ಇಂಜಿನಿಯರ್ ಬರ್ದಿರ್. ಸಮ ಇತ್ತಲೆ? ಹೆದ್ರುದೆಂತಕ್ಕೆ?"

ಇಂಜಿನಿಯರು ಮೊಬೈಲು ಜೇಬಿಗೆ ಹಾಕಿ ತಾರಸಿಯತ್ತ ನೋಡಿದ. ಆಮೇಲೆ ರವಿಚಂದ್ರನತ್ತ.

"ಆ ಹಗ್ಗ ಬಿಡ್ ಬೇವರ್ಸಿ. ನಾಡ್ದ್ ತೆಗ್ದ್ರಾತ್ತ್," ಎಂದ ರವಿಚಂದ್ರ. ಅವನ ಕಾಲು ಹೊಸ್ತಿಲು ದಾಟಲಿಲ್ಲ.

"ನಾಡ್ದ್ ಮಕ್ಳ್ ಒಳ್ಗಿರ್ತ್ರ್."

ಸುಗುಣ ಹಗ್ಗವನ್ನು ಅಂಗೈಗೆ ಎರಡು ಸುತ್ತು ಸುತ್ತಿಕೊಂಡಳು. ರವಿಚಂದ್ರ ಒಂದು ಹೆಜ್ಜೆ ಹಿಂದೆ ಸರಿದ. ಇಂಜಿನಿಯರು ಎರಡು. ಅವಳು ಗದ್ದೆಯಾಚೆ ನಿಂತ ಮಗಳಿಗೂ ಕೇಳುವಂತೆ ಗಂಟಲು ಬಿಚ್ಚಿದಳು.

"ಒಂದು!"

ಕಂಬ ಜಾರಿತು. ಒಳಗೆ ಖಾಲಿ ಕುರ್ಚಿಯ ಮೇಲೆ ಮರಳು ಸಣ್ಣಗೆ ಉದುರತೊಡಗಿತು.